ಸಾವಿರ ದೀಪಗಳ ಕೋಣೆ

ವಾರಿಜಾ ಗಾಜಿನ ವಾಲ್ವನ್ನು ಹತ್ತಿಯಲ್ಲಿ ಸುತ್ತಿ, ಹಾಲಿನ ಪುಡಿಯ ಖಾಲಿ ಡಬ್ಬಿಯಲ್ಲಿಟ್ಟು, ಡಬ್ಬಿಯನ್ನು ಎದೆಗೊತ್ತಿಕೊಂಡು ಗಣಿಯೊಳಕ್ಕೆ ಇಳಿಸುವ ಕೇಜಿನಲ್ಲಿ ನಿಂತಿದ್ದಳು. ಕಂಬಿಗಳ ಆಚೆ ಕಪ್ಪು ಬಂಡೆ ಮೇಲಕ್ಕೆ ಓಡುತ್ತಿತ್ತು. ಕೋಲಾರದ ಈ ಗಣಿಯಲ್ಲಿ ಚಿನ್ನ ಮುಗಿದು ಎಷ್ಟೋ ಕಾಲವಾಗಿತ್ತು. ಕೆಳಗಿನ ಸುರಂಗಗಳಲ್ಲಿ ನೀರು ತುಂಬಿಕೊಂಡಿತ್ತು. ಒಣಗಿ ಉಳಿದಿದ್ದ ಮೇಲಿನ ಒಂದು ಸುರಂಗದಲ್ಲಿ ಅವಳ ಪ್ರಯೋಗಾಲಯವಿತ್ತು.

"ಕೂಸನ್ನು ಎತ್ತಿಕೊಂಡ ಹಾಗೆ ಹಿಡಿದಿದ್ದೀರಿ," ಎಂದರು ಪಕ್ಕದಲ್ಲಿ ನಿಂತಿದ್ದ ಪ್ರೊಫೆಸರ್ ದಿವಾಕರ ಹೆಬ್ಳೇಕರ್.

"ಕೂಸು ಬಿದ್ರೆ ಅಳುತ್ತೆ ಸರ್. ಇದು ಬಿದ್ರೆ ಅಷ್ಟೇ."

ಹೆಬ್ಳೇಕರ್ ಕಾರವಾರದವರು. ಯಂತ್ರಗಳ ಚರಿತ್ರೆ ಅವರ ವಿಷಯ. ಮೊದಲ ಕಂಪ್ಯೂಟರುಗಳ ಕಥೆಯನ್ನು ತಿದ್ದಿ ಬರೆಯಲು ಹಲವು ದೇಶಗಳ ವಿದ್ವಾಂಸರು ಸೇರಿ ಮಾಡಿಕೊಂಡಿದ್ದ ಸಮಿತಿಯೊಂದು ಅವರನ್ನು ಇಲ್ಲಿಗೆ ಕಳಿಸಿತ್ತು. ಆ ಜಗಳ ಹಳೆಯದು. ಒಂದು ದೇಶ ತನ್ನದೇ ಮೊದಲು ಎಂದು ದಶಕಗಳ ಕಾಲ ಮೆರೆಯಿತು. ಆಮೇಲೆ ಇನ್ನೊಂದು ದೇಶ, ಯುದ್ಧಕಾಲದಲ್ಲಿ ಶತ್ರುವಿನ ಗೂಢಲಿಪಿ ಬಿಡಿಸಲು ಕಟ್ಟಿ, ಯುದ್ಧ ಮುಗಿದ ಮೇಲೆ ತಾನೇ ಪುಡಿಮಾಡಿದ ಯಂತ್ರಗಳ ಬಗ್ಗೆ ಬಾಯಿ ಬಿಟ್ಟಿತು. ಮತ್ತೊಂದು ಕಡೆ ನ್ಯಾಯಾಲಯವೇ ಕೂತು ತೀರ್ಪು ಕೊಟ್ಟಿತು. ಈಗ ಬೆಂಗಳೂರಿನ ದಂಡು ಪ್ರದೇಶದಲ್ಲಿ ಹಳೆಯ ಬಂಗಲೆಯೊಂದನ್ನು ಕೆಡವುವಾಗ ನೆಲದಡಿ ಮರದ ಪೆಟ್ಟಿಗೆ ಸಿಕ್ಕಿತ್ತು. ಪೆಟ್ಟಿಗೆಯ ತುಂಬ ಮರಳು, ಮರಳಿನಲ್ಲಿ ಹೂತಿಟ್ಟ ವಾಲ್ವುಗಳು. ಟ್ರಾನ್ಸಿಸ್ಟರು ಬರುವ ಮುಂಚೆ ರೇಡಿಯೋಗಳಲ್ಲಿರುತ್ತಿದ್ದ, ಬಲ್ಬಿನಂಥ ಗಾಜಿನ ಬುಡ್ಡಿಗಳು. ಒಡೆಯದೆ ಉಳಿದದ್ದು ಐದೇ ಐದು.

"ರೇಡಿಯೋ ರಿಪೇರಿ ಸಾಮಾನು. ನನ್ನ ಅಭಿಪ್ರಾಯ ಈಗಲೇ ಹೇಳಿಬಿಡುತ್ತೇನೆ," ಎಂದರು ಹೆಬ್ಳೇಕರ್.

"ನಾನೂ ಒಂದು ಈಗಲೇ ಹೇಳ್ಬಿಡ್ತೀನಿ ಸರ್. ಯುದ್ಧದ ಕಾಲದಲ್ಲಿ ಅಂಥ ಬಂಗಲೆಯಲ್ಲಿ ಕೆಲಸ ಮಾಡಿದೆ ಅಂತ ನಮ್ಮಜ್ಜಿ ಹೇಳಿದ್ರು. ಅದನ್ನ ಹೇಳಿದ್ದಕ್ಕೆ ಅವರನ್ನ ಹುಚ್ಚಾಸ್ಪತ್ರೆಗೆ ಸೇರಿಸಿದ್ರು."

ಕೇಜು ನಿಂತಿತು. ಪ್ರೊಫೆಸರು ಕಂಬಿ ಬಾಗಿಲನ್ನು ಸರಿಸಿ ಹೊರಗೆ ಕಾಲಿಟ್ಟರು.

"ಹಾಗಾದರೆ ಸಾಕ್ಷಿಯನ್ನು ಗಾಜು ಹೇಳಬೇಕು," ಎಂದರು ಆಮೇಲೆ. "ನೀವು ಹೇಳಬಾರದು."

"ಅದಕ್ಕೇ ನಿಮ್ಮನ್ನ ಪಕ್ಕದಲ್ಲಿ ಕೂರಿಸ್ಕೊಳ್ತಿರೋದು."

ಸುರಂಗದ ತುದಿಯಲ್ಲಿ ಯಂತ್ರವಿತ್ತು. ಅದರ ಅಧಿಕೃತ ಹೆಸರು ಸ್ತರದರ್ಶಕ. ಪ್ರಯೋಗಾಲಯದವರು ಅದನ್ನು ಈರುಳ್ಳಿ ಎನ್ನುತ್ತಿದ್ದರು, ಪದರ ಪದರವಾಗಿ ಸುಲಿಯುವುದೇ ಅದರ ಕೆಲಸವಾದ್ದರಿಂದ. ವಾಲ್ವಿನ ನಡುವೆ ಬಿಳಿಯ ಲೇಪ ಬಳಿದ ಸಣ್ಣ ಲೋಹದ ಕೊಳವೆ ಇರುತ್ತದೆ. ಅದು ಕಾದಾಗ ಎಲೆಕ್ಟ್ರಾನುಗಳು ಹೊರಡುತ್ತವೆ. ಪ್ರವಾಹ ಹರಿದಾಗ ಲೇಪದಲ್ಲಿ ಒಂದು ಬಗೆಯ ಪದರ ಕೂರುತ್ತದೆ. ಕೊಳವೆ ಬಿಸಿಯಾಗಿದ್ದೂ ಪ್ರವಾಹವನ್ನು ತಡೆದು ನಿಲ್ಲಿಸಿದ್ದರೆ ಇನ್ನೊಂದು ಬಗೆಯದು. ಕರೆಂಟು ಹೋಗಿಯೋ ರಾತ್ರಿ ಆರಿಸಿಯೋ ತಣ್ಣಗಾದರೆ ಮರದ ಕಾಂಡದಲ್ಲಿ ಕಾಣುವಂಥ ಉಂಗುರ. ವಾರಿಜಾಳ ಯಂತ್ರ ಆ ಲೇಪವನ್ನು ಮೇಲಿನಿಂದ ಪರಮಾಣು ಪರಮಾಣುವಾಗಿ ಕೀಳುತ್ತ, ಕೊನೆಯ ದಿನದಿಂದ ಮೊದಲ ದಿನಕ್ಕೆ ಹಿಮ್ಮುಖವಾಗಿ ಓದುತ್ತಿತ್ತು. ಆಕಾಶದಿಂದ ಸದಾ ಸುರಿಯುವ ಸೂಕ್ಷ್ಮ ಕಣಗಳು ಈ ಓದನ್ನು ಕೆಡಿಸುತ್ತವೆ. ಆದ್ದರಿಂದಲೇ ತಲೆಯ ಮೇಲೆ ಇಷ್ಟು ಬಂಡೆ ಬೇಕಾಗಿತ್ತು. ಓದಿ ಮುಗಿದ ವಾಲ್ವಿನಲ್ಲಿ ಏನೂ ಉಳಿಯುವುದಿಲ್ಲ. ಒಂದು ವಾಲ್ವು ಒಂದೇ ಸಲ ಮಾತಾಡುತ್ತದೆ.

ಮೊದಲ ವಾಲ್ವು ಮಾತಾಡಿತು. ಪರದೆಯ ಮೇಲೆ ಗೆರೆ ಮೂಡುತ್ತ ಬಂದಂತೆ ಹೆಬ್ಳೇಕರ್ ಕುರ್ಚಿಯನ್ನು ಹತ್ತಿರಕ್ಕೆ ಎಳೆದುಕೊಂಡರು. ರೇಡಿಯೋದಲ್ಲಿದ್ದ ವಾಲ್ವು ಸದಾ ನಡುಗುತ್ತಿರುತ್ತದೆ. ಮಾತು, ಹಾಡು, ಗದ್ದಲ ಎಲ್ಲಕ್ಕೂ. ಇಲ್ಲಿ ನಡುಕವಿರಲಿಲ್ಲ. ಪೂರ್ತಿ ಹರಿವು, ಪೂರ್ತಿ ತಡೆ, ಮತ್ತೆ ಹರಿವು. ಹಾಡುವವಳ ಗಂಟಲೂ ಬರೀ ಹೌದು-ಇಲ್ಲ ಅನ್ನುವವಳ ಗಂಟಲೂ ಒಂದೇ ಥರ ಸವೆಯುವುದಿಲ್ಲ.

"ರೇಡಿಯೋ ಅಲ್ಲ," ಎಂದರು ಹೆಬ್ಳೇಕರ್, ನಿಧಾನವಾಗಿ. "ಅಷ್ಟನ್ನು ಒಪ್ಪಿದೆ. ಅಷ್ಟನ್ನು ಮಾತ್ರ."

ವಾರಿಜಾಳ ತಾಯಿ ಸರ್ವಮಂಗಳಾ ಗಣಿಯವರ ಹಳೆಯ ಕ್ವಾರ್ಟರ್ಸಿನಲ್ಲಿ ಮಗಳೊಂದಿಗಿದ್ದಳು. ಕಣ್ಣಿನ ಪೊರೆಗೆ ಶಸ್ತ್ರಚಿಕಿತ್ಸೆಯಾಗಿ ಒಂದು ಕಣ್ಣಷ್ಟೇ ಚೆನ್ನಾಗಿ ಕಾಣುತ್ತಿತ್ತು.

"ಏನಂತೆ ನಿನ್ನ ಬಲ್ಬು?" ಎಂದಳು, ಮಗಳು ಚಪ್ಪಲಿ ಬಿಡುವ ಮುಂಚೆಯೇ.

"ರೇಡಿಯೋ ಅಲ್ಲವಂತೆ."

"ಅದು ನನಗೆ ಗೊತ್ತಿಲ್ವೇನೇ. ಕೈಕಾಲು ತೊಳ್ಕೊಂಡು ಬಾ, ಉಪ್ಪಿಟ್ಟು ಆರೋಗತ್ತೆ."

ಗೊತ್ತಿದೆ ಎನ್ನುವುದು ಬಾಯಿಮಾತು ಎಂದು ವಾರಿಜಾ ಬಲ್ಲಳು. ಅಜ್ಜಿ ಲೋಕಾಂಬಾ ಭೌತಶಾಸ್ತ್ರದಲ್ಲಿ ಪದವಿ ಮಾಡಿದವಳು. ಯುದ್ಧದ ಕಾಲದಲ್ಲಿ, ಮದುವೆಗೆ ಮುಂಚೆ, ಬೆಂಗಳೂರಿನಲ್ಲಿ ಟೈಪಿಸ್ಟು ಕೆಲಸ ಎಂದು ಹೇಳಿ ಹೋಗಿ ಎರಡು ವರ್ಷ ಮನೆಯಿಂದ ದೂರವಿದ್ದಳು. ಸಾಯುವ ತನಕ ಬಾಯಿ ಬಿಡುವುದಿಲ್ಲವೆಂದು ಕೆಲಸ ಕೊಟ್ಟವರು ಪ್ರಮಾಣ ಮಾಡಿಸಿಕೊಂಡಿದ್ದರಂತೆ. ಆದರೂ ಒಂದು ದಿನ ಗಂಡನ ಮುಂದೆ ಬಾಯಿ ಬಿಟ್ಟಳು. ಬರ್ಮಾದ ಕಡೆಯಿಂದ ಗಾಳಿಯಲ್ಲಿ ಬರುತ್ತಿದ್ದ ಶತ್ರುಗಳ ಗುಟ್ಟಿನ ಸಂದೇಶಗಳನ್ನು ಬಿಡಿಸುವ ಕೋಣೆಯಲ್ಲಿದ್ದೆ, ಅಲ್ಲಿ ಸಾವಿರ ದೀಪಗಳಿದ್ದವು, ಆ ದೀಪಗಳು ಲೆಕ್ಕ ಮಾಡುತ್ತಿದ್ದವು ಎಂದಳು. ಗಂಡ ಬೆಂಗಳೂರಿಗೆ ಹೋಗಿ ವಿಚಾರಿಸಿದ. ಅಂಥ ಕೋಣೆ, ಅಂಥ ಯಂತ್ರ ಯಾವತ್ತೂ ಇರಲಿಲ್ಲ ಎಂದರು ಅಲ್ಲಿಯ ಅಧಿಕಾರಿಗಳು. ದೀಪ ಲೆಕ್ಕ ಮಾಡುತ್ತದೆ ಎನ್ನುವ ಹೆಂಡತಿಯನ್ನು ಅವನು ಆಸ್ಪತ್ರೆಗೆ ಸೇರಿಸಿದ. ತಿಂಗಳುಗಳ ಮೇಲೆ ಮನೆಗೆ ಬಂದವಳು ಮತ್ತೆ ಆ ಮಾತೆತ್ತಲಿಲ್ಲ. ಆದರೆ ಊರು ಮರೆಯಲಿಲ್ಲ. ಸರ್ವಮಂಗಳೆಗೆ ಬಂದ ಸಂಬಂಧಗಳು ಹುಚ್ಚಿಯ ಮಗಳೆಂದು ಮುರಿದುಬಿದ್ದವು. ಅವಳಿಗೆ ಮದುವೆಯಾದದ್ದು ಬಹಳ ತಡವಾಗಿ.

ತಟ್ಟೆ ಎತ್ತುವಾಗ ಸರ್ವಮಂಗಳಾ ಕೇಳಿದಳು. "ವಾರೀ, ಅಮ್ಮ ಅಲ್ಲಿದ್ಲು ಅಂತಾನೂ ಆ ಬಲ್ಬು ಹೇಳುತ್ತೇನೇ?"

"ಬಲ್ಬಿಗೆ ಹೆಸರು ಗೊತ್ತಿರಲ್ಲ ಅಮ್ಮ."

"ಹಾಗಾದ್ರೆ ನನಗೇನು ಬಂತು? ಯಂತ್ರ ಇತ್ತು ಅಂತಾಗತ್ತೆ. ಅವಳು ಯಾರದೋ ಬಾಯಲ್ಲಿ ಕೇಳಿದ್ದನ್ನ ತನ್ನದು ಅಂದ್ಕೊಂಡ್ಲು ಅಂತಾರೆ. ಅನ್ನೋರಿಗೇನು."

ಎರಡನೆಯ, ಮೂರನೆಯ ವಾಲ್ವುಗಳನ್ನೂ ಓದಿಯಾಯಿತು. ಈ ಮೂರರ ಬುಡದ ಮೇಲೆ ಯಾರೋ ಮೊಳೆಯಿಂದ ಒಂದೇ ಅಂಕೆಯನ್ನು ಗೀಚಿದ್ದರು. ಅಂದರೆ ಯಂತ್ರದ ಒಂದೇ ಮನೆಗೆ ಸೇರಿದವು. ಮೂರೂ ಸೇರಿ, ಎಂಟು ಬಗೆಯ ಹೌದು-ಇಲ್ಲಗಳ ಜೋಡಣೆಯಿಂದ, ಸೊನ್ನೆಯಿಂದ ಏಳರವರೆಗಿನ ಒಂದು ಸಂಖ್ಯೆಯನ್ನು ಹಿಡಿದಿಡಬಲ್ಲವು, ಅದಕ್ಕಿಂತ ಹೆಚ್ಚಿಲ್ಲ. ಕರೆಂಟು ಹೋದ ಉಂಗುರಗಳನ್ನು ಹೊಂದಿಸಿ ಮೂರು ಗೆರೆಗಳನ್ನು ಒಂದರ ಮೇಲೊಂದು ಇಟ್ಟಾಗ ಎಂಬತ್ತು ವರ್ಷದ ಹಿಂದಿನ ಬೆಳಗುಗಳು ಪರದೆಯ ಮೇಲೆ ನಿಂತವು.

ದಿನದ ಮುಖ್ಯ ಕೆಲಸ ಏನೇನೂ ಅರ್ಥವಾಗಲಿಲ್ಲ. ಸಾವಿರದಲ್ಲಿ ಮೂರು ದೀಪ ನೋಡಿ ಅರ್ಥವಾಗುವಂಥದ್ದೂ ಅಲ್ಲ. ಆದರೆ ಪ್ರತಿ ಬೆಳಿಗ್ಗೆ ಕೆಲಸಕ್ಕೆ ಮುಂಚೆ ಒಂದು ವಿಚಿತ್ರ ನಡೆಯುತ್ತಿತ್ತು. ಒಂದು, ಎರಡು, ಮೂರು ಎಂದು ಏಳರವರೆಗೆ ಏರಿಕೆ. ಆಮೇಲೆ ಒಮ್ಮೆಗೇ ಬರಿದು. ಏರಿದಷ್ಟೇ ಹೊತ್ತು ಮೌನ. ಮತ್ತೆ ಒಂದರಿಂದ ಶುರು. ಇನ್ನೂ ವಿಚಿತ್ರವೆಂದರೆ, ಒಂದು ದಿನ ಈ ಸುತ್ತು ಎರಡರಿಂದ ಹೊರಟರೆ ಮಾರನೆಯ ದಿನ ಮೂರರಿಂದ, ಅದರ ಮಾರನೆಯ ದಿನ ನಾಲ್ಕರಿಂದ.

ಹೆಬ್ಳೇಕರ್ ಕನ್ನಡಕ ತೆಗೆದು ಒರೆಸಿದರು. "ಏಳು ಎಣಿಸಿ ಏಳು ಹೆಜ್ಜೆ ಸುಮ್ಮನಿರುವ ಲೆಕ್ಕದ ಯಂತ್ರವನ್ನು ಯಾರೂ ಕಟ್ಟಿಲ್ಲ, ವಾರಿಜಾ ಅವರೇ. ನಾನು ನೋಡಿದ ಯಾವ ದೇಶದ ನಕ್ಷೆಯಲ್ಲೂ ಇಲ್ಲ. ಎಲ್ಲರೂ ಹತ್ತರ ಲೆಕ್ಕ, ಇಲ್ಲವೇ ಎರಡರ ಲೆಕ್ಕ. ಇದು ಹದಿನಾಲ್ಕರ ಸುತ್ತು."

"ಹಾಗಾದ್ರೆ?"

"ಹಾಗಾದರೆ ಕೆಟ್ಟ ಯಂತ್ರ, ಇಲ್ಲವೇ ಕೆಟ್ಟ ಓದು. ದಿನಕ್ಕೆ ಒಂದೊಂದೇ ಜಾರುವುದು ನೋಡಿದರೆ ನನಗೆ ಎರಡನೆಯದೇ ಅನುಮಾನ. ಪ್ರತಿ ಉಂಗುರ ದಾಟುವಾಗ ನಿಮ್ಮ ಈರುಳ್ಳಿ ಒಂದು ಹೆಜ್ಜೆ ತಪ್ಪುತ್ತಿದೆ."

ಆಕ್ಷೇಪ ಸರಿಯಾದದ್ದೇ. ಹಾಗೆ ತಪ್ಪಿದರೆ ಹೀಗೇ ಕಾಣಬೇಕು.

ಭಾನುವಾರ ಮಧ್ಯಾಹ್ನ ಅವಳು ಜಗಲಿಯ ಮೇಲೆ ಗೋಡೆಗೊರಗಿ ಕೂತಿದ್ದಳು. ತಾಯಿ ಅಳಗುಳಿಮಣೆ ಹರವಿಕೊಂಡಿದ್ದಳು. ಎರಡು ಸಾಲು, ಸಾಲಿಗೆ ಏಳು ಗುಳಿ. ಹುಣಸೆಬೀಜ ಇಟ್ಟುಕೊಂಡು ಒಬ್ಬಳೇ ಆಡುತ್ತಿದ್ದಳು. ಅದಕ್ಕೆ ಸೀತೆಯಾಟ ಎನ್ನುತ್ತಾರೆ. ಅಶೋಕವನದಲ್ಲಿ ಜೊತೆಗಾರರಿಲ್ಲದೆ ಸೀತೆ ಆಡಿಕೊಂಡ ಆಟವಂತೆ. ಒಂದು ಸಾಲಿನಲ್ಲಿ ಏಳು, ಆರು, ಐದು, ನಾಲ್ಕು, ಮೂರು, ಎರಡು, ಒಂದು ಎಂದು ಬೀಜಗಳನ್ನು ಇಡಬೇಕು. ಇನ್ನೊಂದು ಸಾಲು ಖಾಲಿ. ಏಳಿರುವ ಗುಳಿಯನ್ನು ಬರಿದು ಮಾಡಿ ಮುಂದಿನ ಗುಳಿಗಳಿಗೆ ಒಂದೊಂದು ಹಾಕುತ್ತ ಹೋದರೆ, ಅದೇ ಏಳು-ಆರು-ಐದರ ಸಾಲು ಚೂರೂ ಕೆಡದೆ ಒಂದು ಗುಳಿ ಮುಂದಕ್ಕೆ ಸರಿದಿರುತ್ತದೆ. ಹೀಗೇ ಮಣೆಯನ್ನು ಸುತ್ತಿ ಹೊರಟಲ್ಲಿಗೇ ಬರುತ್ತದೆ. ಎಲ್ಲಾದರೂ ಒಂದು ಬೀಜ ತಪ್ಪಿದರೆ ಬರುವುದಿಲ್ಲ.

ವಾರಿಜಾ ಚಿಕ್ಕಂದಿನಿಂದ ನೋಡಿದ ಆಟ. ಆದರೆ ಯಾವಾಗಲೂ ಇಡೀ ಮಣೆಯನ್ನು ನೋಡಿದ್ದಳು. ಇವತ್ತು ದಣಿದ ಕಣ್ಣು ಮೂಲೆಯ ಒಂದೇ ಗುಳಿಯ ಮೇಲೆ ನಿಂತುಬಿಟ್ಟಿತ್ತು. ಅದರಲ್ಲಿ ಒಂದು ಬೀಜ ಬಿತ್ತು. ಇನ್ನೊಂದು ಬಿತ್ತು. ಮೂರಾಯಿತು. ಏಳಾಯಿತು. ತಾಯಿಯ ಬೆರಳು ಬಂದು ಬರಿದು ಮಾಡಿತು. ಆಮೇಲೆ ಆ ಗುಳಿಗೆ ಬಹಳ ಹೊತ್ತು ಏನೂ ಇಲ್ಲ.

ಅವಳು ಗೋಡೆ ಬಿಟ್ಟು ನೆಟ್ಟಗೆ ಕೂತಳು. ಅವಳ ಮೂರು ವಾಲ್ವುಗಳು ಒಂದು ಗುಳಿ.

ಯಂತ್ರ ಕೆಟ್ಟಿರಲಿಲ್ಲ. ಯಂತ್ರ ಕೆಟ್ಟಿದೆಯೇ ಎಂದು ಯಾರೋ ದಿನಾ ಬೆಳಿಗ್ಗೆ ಪರೀಕ್ಷೆ ಮಾಡುತ್ತಿದ್ದರು. ಒಂದು ದೀಪ ಸೋತಿದ್ದರೂ ಸಾಲು ಕೆಟ್ಟು ಸೀತೆ ಮನೆಗೆ ಮರಳುವುದಿಲ್ಲ. ಮರಳಿದರೆ ಎಲ್ಲ ದೀಪವೂ ನೆಟ್ಟಗಿವೆ. ಇದಕ್ಕಿಂತ ಚೊಕ್ಕವಾದ ಪರೀಕ್ಷೆಯನ್ನು ವಾರಿಜಾ ಕೂಡ ಕಟ್ಟಲಾರಳು. ಯಾವ ಪರದೇಶದ ಎಂಜಿನಿಯರಿಗೂ ಹೊಳೆಯದ್ದು, ಮಣೆ ಇದ್ದ ಮನೆಯಲ್ಲಿ ಬೆಳೆದ ಹುಡುಗಿಗೆ ಹೊಳೆದಿತ್ತು.

ಸಾಲು ಮನೆಗೆ ಬಂತು. ಸರ್ವಮಂಗಳಾ ಅಲ್ಲಿಗೆ ನಿಲ್ಲಿಸದೆ ಇನ್ನೊಂದು ಸಲ ಎತ್ತಿ ಹಾಕಿ, ಒಂದು ಗುಳಿ ಮುಂದೆ ಬಿಟ್ಟು ಕೈ ಕೊಡವಿದಳು.

"ಅಮ್ಮ, ಅದ್ಯಾಕೆ ಒಂದು ಜಾಸ್ತಿ ಆಡ್ದೆ?"

"ನಮ್ಮಮ್ಮ ಹಾಗೇ ಆಡ್ತಿದ್ದಿದ್ದು. ಎಲ್ಲರ ಮನೇಲೂ ಸೀತೆ ಮನೆಗೆ ಬಂದ್ರೆ ಮುಗೀತು. ಇವಳು ಒಂದು ಗುಳಿ ಮುಂದೆ ಕೂರಿಸೇ ಏಳೋಳು. ನಾಳೆ ಅಲ್ಲಿಂದ ಶುರು. ಯಾಕಮ್ಮ ಅಂದ್ರೆ, ದಿನಾ ಒಬ್ಬರೇ ಮೊದಲು ಏಳ್ಬೇಕಾ, ಪಾಪ, ಅನ್ನೋಳು." ಸರ್ವಮಂಗಳಾ ನಕ್ಕಳು. "ಅದನ್ನೂ ಹುಚ್ಚಿಗೇ ಸೇರಿಸಿದ್ರು ಬಿಡು. ಯಾಕೆ ಹಾಗೆ ನೋಡ್ತೀಯೇ?"

ವಾರಿಜಾ ಮಣೆಯ ಹತ್ತಿರಕ್ಕೆ ಸರಿದಳು. ದಿನಾ ಒಂದೇ ದೀಪದಿಂದ ಪರೀಕ್ಷೆ ಶುರುವಾದರೆ ಆ ದೀಪವೇ ಬೇಗ ಸವೆಯುತ್ತದೆ. ಪಾಪ ಎಂದದ್ದು ದೀಪಕ್ಕೆ.

"ಅಜ್ಜಿ ಆ ಎರಡು ವರ್ಷದಲ್ಲಿ ಒಂದ್ಸಲಾನಾದ್ರೂ ರಜಾ ಹಾಕಿದ್ರಾ ಅಮ್ಮ?"

"ಅವರಪ್ಪ ಸತ್ತಾಗ ಬಂದಿದ್ಲಂತೆ. ಹದಿಮೂರನೇ ದಿನ ವೈಕುಂಠ ಸಮಾರಾಧನೆ ಊಟ ಮುಗಿಸ್ಕೊಂಡು ಆ ಸಂಜೇನೇ ರೈಲು ಹತ್ತಿದ್ಲು. ಎಷ್ಟು ಗಟ್ಟಿ ಎದೆ ಹೆಣ್ಣಿಗೆ ಅಂತ ನೆಂಟರೆಲ್ಲ ಆಡ್ಕೊಂಡ್ರಂತೆ. ಅದು ಬಿಟ್ರೆ ಒಂದಿನಾನೂ ಇಲ್ಲ."

ಸೋಮವಾರ ವಾರಿಜಾ ಹೆಬ್ಳೇಕರರ ಮುಂದೆ ಮಣೆಯಿಟ್ಟು ಆಡಿ ತೋರಿಸಿದಳು. ಅವರು ಮೊದಲ ಸುತ್ತು ನೋಡಿದರು. ಎರಡನೆಯ ಸುತ್ತನ್ನು ತಾವೇ ಆಡಿದರು.

"ನನ್ನ ಅತ್ತೆ ಆಡುತ್ತಿದ್ದಳು," ಎಂದರು. ಆಮೇಲೆ ಮಣೆಯನ್ನು ಅವಳ ಕಡೆಗೆ ಸರಿಸಿದರು. "ಹಾಗಾಗಿಯೇ ಹೇಳುತ್ತೇನೆ. ಇದನ್ನು ಸಾವಿರಾರು ಹೆಂಗಸರು ಬಲ್ಲರು. ಈ ಕಡೆಯವಳೊಬ್ಬಳು ಅಲ್ಲಿದ್ದಳು ಎಂದಾಯಿತು, ಅದೇ ದೊಡ್ಡ ಮಾತು. ನಿಮ್ಮ ಅಜ್ಜಿಯೇ ಎಂದು ಹೇಗೆ ಹೇಳುವುದು? ದಿನಕ್ಕೊಂದು ಜಾರುವುದು ಅವರ ರೂಢಿ ಎನ್ನುತ್ತೀರಿ, ನಾನು ನಿಮ್ಮ ಯಂತ್ರದ ತಪ್ಪು ಎನ್ನುತ್ತೇನೆ. ಗಾಜು ಎರಡಕ್ಕೂ ತಲೆಯಾಡಿಸುತ್ತಿದೆ."

"ಯಂತ್ರದ ತಪ್ಪಾದ್ರೆ ಎಲ್ಲ ದಿನವೂ ಜಾರಬೇಕು, ಅಲ್ವಾ ಸರ್?"

"ಹೌದು."

"ಅಜ್ಜಿಯ ರೂಢಿಯಾದ್ರೆ ಅವರಿಲ್ಲದ ದಿನ ಜಾರಬಾರದು. ಅವರ ಜಾಗದಲ್ಲಿ ಕೂತ ಹುಡುಗಿ ಎಲ್ಲರ ಹಾಗೆ ಸೀತೆ ಮನೆಗೆ ಬಂದ ಕೂಡಲೇ ನಿಲ್ಲಿಸಿರ್ತಾಳೆ."

ಅಜ್ಜಿಗೆ ಅಪ್ಪ ಸತ್ತ ಸುದ್ದಿ ಬಂದ ದಿನದಿಂದ ವೈಕುಂಠ ಸಮಾರಾಧನೆಯವರೆಗೆ, ಹೋಗಿಬರುವ ಪ್ರಯಾಣ ಸೇರಿಸಿ ಎರಡು ವಾರ. ಎರಡು ವರ್ಷದ ಪದರಗಳಲ್ಲಿ ಎಲ್ಲೋ ಒಂದು ಕಡೆ, ಒಂದೇ ಒಂದು ಕಡೆ, ಅಷ್ಟು ದಿನ ಆ ಜಾರುವಿಕೆ ನಿಂತಿರಬೇಕು. ಓದಿದ ಮೂರು ವಾಲ್ವುಗಳು ಕೊನೆಯ ತಿಂಗಳುಗಳಲ್ಲಿ ಬದಲಾಯಿಸಿದ ಹೊಸವು. ಅವುಗಳ ನೆನಪು ಅಷ್ಟು ಹಿಂದಕ್ಕೆ ಹೋಗುತ್ತಿರಲಿಲ್ಲ. ನಾಲ್ಕನೆಯದು ಹಳೆಯದು. ಅದರ ಬುಡದಲ್ಲಿ ಮುಂದಿನ ಗುಳಿಯ ಅಂಕೆಯಿತ್ತು. ಒಂದೇ ವಾಲ್ವಾದರೂ, ಅದು ಹರಿದು ತಡೆಯುವ ಕ್ರಮ ನೋಡಿ ಆ ಗುಳಿಯ ಸುತ್ತು ಎಷ್ಟರಿಂದ ಹೊರಟಿತೆಂದು ಲೆಕ್ಕ ಹಾಕಬಹುದಿತ್ತು. ಐದನೆಯದರ ಗುರುತು ಅಳಿಸಿಹೋಗಿತ್ತು.

ಹೆಬ್ಳೇಕರ್ ಸೀಮೆಸುಣ್ಣ ತೆಗೆದುಕೊಂಡು ಸುರಂಗದ ಬಂಡೆಯ ಮೇಲೆ ಅವಳು ಹೇಳಿದ್ದನ್ನೇ ಬರೆದರು. ಮುಂದಿನ ಗುಳಿ, ಆದ್ದರಿಂದ ಒಂದು ಹೆಜ್ಜೆ ತಡ. ಒಂದೇ ಒಂದು ನಿಲುಗಡೆ. ಎರಡು ವಾರ.

"ಸಿಕ್ಕದಿದ್ದರೆ?" ಎಂದರು.

"ಸಿಕ್ಕದಿದ್ರೆ ನಮ್ಮಮ್ಮನಿಗೆ ಹೋಗಿ ಹೇಳ್ತೀನಿ. ಸಿಕ್ಕಲಿಲ್ಲ ಅಂತ."

ನಾಲ್ಕನೆಯ ವಾಲ್ವು ಯಂತ್ರದೊಳಗೆ ಹೋಯಿತು. ಗೆರೆ ಮೂಡತೊಡಗಿತು. ಬೆಳಗುಗಳು ಹಿಮ್ಮುಖವಾಗಿ ಬಂದವು. ಪಕ್ಕದ ಗುಳಿಗಿಂತ ಪ್ರತಿಯೊಂದೂ ಸರಿಯಾಗಿ ಒಂದು ಹೆಜ್ಜೆ ತಡವಾಗಿ. ಹೆಬ್ಳೇಕರ್ ಬಂಡೆಯ ಮೇಲಿನ ಮೊದಲ ಸಾಲಿನ ಮುಂದೆ ಗೀಟೆಳೆದು ಬಂದು ಕೂತರು. ಮಳೆಗಾಲ ಬಂತು. ಆ ದಿನಗಳಲ್ಲಿ ಕರೆಂಟು ಪದೇಪದೇ ಹೋಗಿ ಉಂಗುರಗಳು ಒತ್ತೊತ್ತಾಗಿದ್ದವು. ಜಾರುವಿಕೆ ಮಾತ್ರ ದಿನಕ್ಕೊಂದೇ. ಉಂಗುರಕ್ಕೊಂದಲ್ಲ. ಇದನ್ನು ಹೆಬ್ಳೇಕರೇ ಮೊದಲು ಗಮನಿಸಿದರು. ಬೆರಳಿಂದ ತೋರಿಸಿದರು. ಬೇಸಿಗೆ ಬಂತು. ಮತ್ತೂ ಹಿಂದೆ, ಚಳಿಗಾಲ. ಊಟದ ಹೊತ್ತು ಮೀರಿತು. ಇಬ್ಬರೂ ಏಳಲಿಲ್ಲ.

ಆಮೇಲೆ ಅದು ನಿಂತಿತು.

ಒಂದು ಬೆಳಿಗ್ಗೆ ಐದರಿಂದ ಹೊರಟಿತ್ತು. ಅದರ ಹಿಂದಿನ ಬೆಳಿಗ್ಗೆಯೂ ಐದರಿಂದ. ಅದರ ಹಿಂದಿನದೂ ಐದು. ಸಾಲಾಗಿ ಒಂದೇ ಎತ್ತರದಲ್ಲಿ, ಯಾರೋ ಗೋಡೆಗೆ ಹೊಡೆದ ಮೊಳೆಗಳ ಹಾಗೆ ಆ ದಿನಗಳು ಪರದೆಯ ಮೇಲೆ ನಿಂತವು. ಹೆಬ್ಳೇಕರ್ ತುಟಿಯಲ್ಲೇ ಎಣಿಸುತ್ತಿದ್ದರು. ಎರಡು ವಾರ ಮುಗಿದ ಕೂಡಲೇ, ಇನ್ನೂ ಹಿಂದೆ, ನಾಲ್ಕು. ಅದರ ಹಿಂದೆ ಮೂರು. ಮತ್ತೆ ದಿನಕ್ಕೊಂದು.

ವಾರಿಜಾಳಿಗೆ ತಲೆಯ ಮೇಲಿನ ಅಷ್ಟೂ ಬಂಡೆಯ ಭಾರ ಒಮ್ಮೆಲೇ ತಿಳಿಯಿತು. ಅಜ್ಜಿ ಮಾಡಿದ ಕೆಲಸ ಸಾವಿರ ದೀಪಗಳ ನಡುವೆ ಬೆರೆತುಹೋಗಿತ್ತು. ಅಜ್ಜಿ ಇಲ್ಲದ್ದು ಮಾತ್ರ ಬೆರೆಯದೆ ಉಳಿದಿತ್ತು. ಊರಿನಲ್ಲಿ ಒಬ್ಬ ಮನುಷ್ಯ ಸತ್ತಿದ್ದ, ಅವನ ಮಗಳು ಕಣ್ಣೊರೆಸಿಕೊಂಡು ರೈಲು ಹತ್ತಿ ಬಂದಿದ್ದಳು. ಕೂದಲೆಳೆಗಿಂತ ತೆಳ್ಳನೆಯ ಬಿಳಿ ಲೇಪ ಅದನ್ನು ಹಿಡಿದಿಟ್ಟುಕೊಂಡಿತ್ತು, ಯಾರೂ ಕೇಳದಿದ್ದರೂ.

ವಾಲ್ವನ್ನು ಕೊನೆಯವರೆಗೆ ಓದಿದರು. ಇನ್ನೊಂದು ನಿಲುಗಡೆ ಎಲ್ಲೂ ಇರಲಿಲ್ಲ. ಹೆಬ್ಳೇಕರ್ ಎದ್ದು ಹೋಗಿ ಬಂಡೆಯ ಮೇಲಿನ ಉಳಿದೆರಡು ಸಾಲುಗಳ ಮುಂದೆ ಗೀಟೆಳೆದರು.

"ನಿಮ್ಮ ತಾಯಿಗೆ ನಾನು ಹೇಳಬಹುದೇ?" ಎಂದು ಕೇಳಿದರು.

ಅವರು ಅವತ್ತೇ ಸಂಜೆ ಮನೆಗೆ ಬಂದರು. ಐದನೆಯ ವಾಲ್ವು ಜೊತೆಯಲ್ಲಿತ್ತು, ಮಾರನೆಯ ದಿನ ವಸ್ತುಸಂಗ್ರಹಾಲಯಕ್ಕೆ ಒಯ್ಯಲು. ಸರ್ವಮಂಗಳಾ ಎಲ್ಲವನ್ನೂ ಕೇಳಿಸಿಕೊಂಡಳು. ಅರ್ಥವಾಗದ ಕಡೆ ತಡೆದು ಕೇಳಿದಳು. ನಿಂತುಹೋದ ದಿನಗಳ ವಿಷಯ ಬಂದಾಗ ಮಾತ್ರ ಸೆರಗಿನ ತುದಿಯನ್ನು ಬೆರಳಿಗೆ ಸುತ್ತತೊಡಗಿದಳು.

"ಹಾಗಾದ್ರೆ ಅವಳು ಅಲ್ಲಿದ್ಲು."

"ಇದ್ದರು ತಾಯಿ. ಅಲ್ಲಿಯ ಪರೀಕ್ಷೆಯ ಕ್ರಮ ಅವರದೇ. ಹಾಗೆಂದು ಬರೆದು ನಾನು ಸಹಿ ಹಾಕುತ್ತೇನೆ."

"ಅದೇ ಮೊದಲನೇ ಯಂತ್ರಾನಾ, ಮೇಷ್ಟ್ರೇ? ಎಲ್ಲ ಜಗಳ ಆಡ್ತಾರಂತಲ್ಲ."

ಹೆಬ್ಳೇಕರ್ ಹಿಂಜರಿದರು. "ಅಲ್ಲ. ಇದಕ್ಕೆ ಮೊದಲೂ ಬೇರೆ ಕಡೆ ಇದ್ದವು. ಇನ್ನೆಷ್ಟನ್ನು ಒಡೆದು ಹೂತಿದ್ದಾರೋ, ಅದೂ ಗೊತ್ತಿಲ್ಲ."

"ಮೊದಲನೇದು ಆಗೋದು ಬೇಡ ಬಿಡಿ. ಇತ್ತು ಅಂದ್ರೆ ಸಾಕು." ಅವಳು ಹತ್ತಿಯ ಗೂಡಿನಲ್ಲಿದ್ದ ವಾಲ್ವಿನ ಕಡೆ ಬಗ್ಗಿದಳು. "ಇದು ಈಗ್ಲೂ ಉರಿಯುತ್ತಾ?"

ಹೆಬ್ಳೇಕರ್ ವಾರಿಜಾಳನ್ನು ನೋಡಿದರು. "ಉರಿಸಿದರೆ ಮೇಲೊಂದು ಹೊಸ ಪದರ ಕೂರುತ್ತದೆ. ಚರಿತ್ರೆಯ ವಸ್ತುವಿನ ಮೇಲೆ ನಾವು ಗೀಚಿದ ಹಾಗೆ."

"ಹೌದು ಸರ್," ಎಂದಳು ವಾರಿಜಾ. "ಮುಂದೆ ಯಾರಾದ್ರೂ ಓದಿದ್ರೆ ಎಂಬತ್ತು ವರ್ಷ ನಿದ್ದೆ, ಆಮೇಲೆ ಒಂದು ಸಂಜೆ ಎಚ್ಚರ ಅಂತ ಕಾಣುತ್ತೆ."

ಅವರು ಯೋಚಿಸಿದರು. ಆಮೇಲೆ ತಾವೇ ಕುರ್ಚಿಯನ್ನು ಮೇಜಿನ ಹತ್ತಿರಕ್ಕೆ ಎಳೆದುಕೊಂಡರು. ವಾರಿಜಾ ಕೆಲಸದ ಚೀಲದಿಂದ ಸಣ್ಣ ವಿದ್ಯುತ್ ಪೆಟ್ಟಿಗೆ ತೆಗೆದು ಎರಡು ತಂತಿ ಹಚ್ಚಿದಳು. ಹೆಬ್ಳೇಕರ್ ಗುಂಡಿಯನ್ನು ಒಂದು ಕೂದಲಷ್ಟು ತಿರುಗಿಸಿ ಕಾದರು, ಇನ್ನಷ್ಟು ತಿರುಗಿಸಿ ಕಾದರು. ಅವಸರಪಟ್ಟರೆ ಹಳೆಯ ತಂತು ಕಡಿದುಹೋಗುತ್ತದೆ. ಸ್ವಲ್ಪ ಹೊತ್ತು ಏನೂ ಇಲ್ಲ. ಆಮೇಲೆ ಗಾಜಿನ ಆಳದಲ್ಲಿ, ಕೊಳವೆಯ ಅಂಚಿನಲ್ಲಿ, ಇದೆಯೋ ಇಲ್ಲವೋ ಎನ್ನುವಂಥ ಕೆಂಪು. ಅದು ನಿಧಾನವಾಗಿ ಕಿತ್ತಳೆಯಾಗಿ ನಿಂತಿತು.

"ಇಷ್ಟೇನಾ?" ಎಂದಳು ಸರ್ವಮಂಗಳಾ.

"ಇಷ್ಟೇ ಅಮ್ಮ."

ಅವಳು ಕಾಣುವ ಕಣ್ಣನ್ನು ಹತ್ತಿರ ತಂದು ಬಹಳ ಹೊತ್ತು ನೋಡಿದಳು. ಆಮೇಲೆ ಆರತಿಗೆ ಹಿಡಿಯುವಂತೆ ಅಂಗೈಯನ್ನು ಗಾಜಿನ ಬಳಿ ತಂದು ಹಿಡಿದಳು. ಕೈ ಹಿಂದಕ್ಕೆ ತೆಗೆಯಲಿಲ್ಲ.

"ಆ ಕೋಣೇಲಿ ಪುಷ್ಯಮಾಸದಲ್ಲೂ ಬೆವರ್ತಿದ್ವಿ ಅಂದಿದ್ಲಂತೆ. ಬೆಂಗಳೂರಿನ ಚಳೀಲಿ ಯಾರಮ್ಮ ಬೆವರ್ತಾರೆ ಅಂತ ಆಸ್ಪತ್ರೆ ಡಾಕ್ಟ್ರು ನಕ್ಕು, ಇನ್ನೂ ವಾಸಿಯಾಗಿಲ್ಲ ಅಂದ್ರಂತೆ."

ಅವಳು ಇನ್ನೊಂದು ಅಂಗೈಯನ್ನೂ ಗಾಜಿನ ಬಳಿ ತಂದಳು.

"ಒಂದಕ್ಕೇ ಇಷ್ಟು ಬಿಸಿ," ಎಂದಳು. "ಸಾವಿರ ಇದ್ರೆ ಬೆವರದೆ ಇನ್ನೇನು ಮಾಡ್ತಾರೆ."